ಹಳ್ಳದ ದರೆಯ ಮೇಲಿನ ಕಾಡು ಹೈಡ್ರೇಂಜಿಯ

ಪ್ರಶ್ನೆ: ನಾವಿರುವುದು ಅಮೆರಿಕದ ನಾರ್ತ್ ಕ್ಯಾರೊಲೈನಾದಲ್ಲಿ, ರಾಲಿ ಹತ್ತಿರ. ಮನೆಯ ಹಿಂದೆ ಬಡಾವಣೆಗೆ ಸೇರಿದ ಕಾಡಿದೆ, ಅದರಾಚೆ ಸಣ್ಣದೊಂದು ಹಳ್ಳ. ಹಳ್ಳದ ಕಡಿದಾದ ದಡದಲ್ಲಿ ಸೊಂಟದೆತ್ತರದ ಪೊದೆಗಳಿವೆ. ಜೂನ್‌ನಲ್ಲಿ ತಟ್ಟೆಯಂಥ ಬಿಳಿ ಹೂಗೊಂಚಲು ಬಿಟ್ಟಿದ್ದವು. ಪಕ್ಕದ ಮನೆಯವರು ‘ವೈಲ್ಡ್ ಹೈಡ್ರೇಂಜಿಯ’ ಅಂದರು. ಶಿರಸಿಯಲ್ಲಿ ಅಮ್ಮನ ಅಂಗಳದಲ್ಲಿರುವ ನೀಲಿ ಹೈಡ್ರೇಂಜಿಯಕ್ಕೂ ಇದಕ್ಕೂ ಹೋಲಿಕೆಯೇ ಕಾಣುವುದಿಲ್ಲ. ಇದು ನಿಜವಾಗಿ ಹೈಡ್ರೇಂಜಿಯವೇ? ಎಲ್ಲೆಲ್ಲಿ ಬೆಳೆಯುತ್ತದೆ? ಹೆಸರಲ್ಲೇ ‘ಹೈಡ್ರ’ ಇದೆಯಲ್ಲ ಎಂದು ನರ್ಸರಿಯಿಂದ ಎರಡು ಗಿಡ ತಂದು ಹಿತ್ತಲಲ್ಲಿ ನೀರು ನಿಲ್ಲುವ ತಗ್ಗಿನಲ್ಲಿ ನೆಟ್ಟಿದ್ದೆ, ಎರಡೂ ಸತ್ತವು. ಕಾಡಿನ ಗಿಡವನ್ನೇ ಕಿತ್ತು ತಂದು ನೆಡಬಹುದೆ? ಅದರ ಬೀಜವನ್ನು ಅಮ್ಮನಿಗೆ ಕಳಿಸಬಹುದೆ?

ಉತ್ತರ: ನಿಮ್ಮ ಗಿಡಗಳು ಸತ್ತದ್ದಕ್ಕೆ ಕಾರಣ ಹಳ್ಳದ ದಡದಲ್ಲೇ ಇದೆ. ಆ ಪೊದೆಗಳು ನಿಂತ ಜಾಗವನ್ನು ಇನ್ನೊಮ್ಮೆ ಗಮನಿಸಿ. ನೀರಿನ ಪಕ್ಕದಲ್ಲಿವೆ, ನೀರಿನಲ್ಲಿಲ್ಲ. ಹಳ್ಳದ ಪಾತಳಿಯಿಂದ ಮೂರು ನಾಲ್ಕು ಅಡಿ ಮೇಲೆ, ದರೆಯ ಮೈಯಲ್ಲಿ, ಕಲ್ಲು ಬೇರುಗಳ ಸಂದಿಯಲ್ಲಿ ಇರುತ್ತವೆ. ಮೇಲಿನಿಂದ ಬಸಿದ ನೀರು ಬೇರನ್ನು ತೋಯಿಸಿಕೊಂಡು ಕೆಳಗಿಳಿದು ಹೋಗಬೇಕು. ಇದು ಬಸಿಯುವ ನೀರಿನ ಗಿಡ. ನಿಂತ ನೀರಿನಲ್ಲಿ ಅದರ ತೆಳು ಬೇರುಗಳಿಗೆ ಗಾಳಿ ಸಿಗದೆ ಕೊಳೆರೋಗ ಹಿಡಿಯುತ್ತದೆ. ಹೆಸರಿನಲ್ಲಿರುವ ನೀರಿಗೂ ಬೇರಿಗೂ ಸಂಬಂಧವಿಲ್ಲ. ಗ್ರೀಕ್‌ನಲ್ಲಿ ಆ ಪದದ ಅರ್ಥ ನೀರಿನ ಪಾತ್ರೆ ಎಂದು. ಇದರ ಒಣಕಾಯಿ ಪುಟ್ಟ ಹೂಜಿಯ ಹಾಗೆ ಇರುವುದರಿಂದ ಆ ಹೆಸರು ಬಂತು.

ಮೊದಲು ಗುರುತಿನ ವಿಷಯ. ನೀವು ಹೇಳುವ ಎತ್ತರ, ಹೂವಿನ ಕಾಲ, ಜಾಗ ಮೂರೂ ಹೈಡ್ರೇಂಜಿಯ ಆರ್ಬೊರೆಸೆನ್ಸ್‌ಗೆ ಹೊಂದುತ್ತವೆ. ಸಸ್ಯವಿಜ್ಞಾನಿ ಲಿನೇಯಸ್ 1753ರಲ್ಲಿ ಹೆಸರಿಟ್ಟು ವಿವರಿಸಿದ್ದು ಇದನ್ನೇ. ಇಡೀ ಹೈಡ್ರೇಂಜಿಯ ಕುಲಕ್ಕೆ ಮಾದರಿ ಜಾತಿ ಇದು. ಹಾಗಾಗಿ ‘ಇದು ನಿಜವಾದ ಹೈಡ್ರೇಂಜಿಯವೇ’ ಎಂದು ಕೇಳಿದರೆ, ಆ ಹೆಸರು ಮೊದಲು ಸಂದದ್ದು ಈ ಕಾಡುಪೊದೆಗೇ. ಅಮ್ಮನ ಅಂಗಳದ್ದು ಜಪಾನ್ ಮೂಲದ ಹೈಡ್ರೇಂಜಿಯ ಮ್ಯಾಕ್ರೊಫಿಲ್ಲ. ಅದರ ದಪ್ಪ ಚೆಂಡು ತೋಟಗಾರರು ತಲೆಮಾರುಗಟ್ಟಲೆ ಆರಿಸಿ ಬೆಳೆಸಿದ ರೂಪ. ‘ಆರ್ಬೊರೆಸೆನ್ಸ್’ ಎಂದರೆ ಮರದಂಥದ್ದು ಎಂದರ್ಥ. ಮೂರರಿಂದ ಆರು ಅಡಿಯಷ್ಟೇ ಬೆಳೆಯುವ ಪೊದೆಗೆ ಅದು ಸ್ವಲ್ಪ ಭಾರದ ಹೆಸರೇ.

ಹೂಗೊಂಚಲನ್ನು ಹತ್ತಿರದಿಂದ ನೋಡಿ. ಎರಡರಿಂದ ಆರು ಅಂಗುಲ ಅಗಲದ ಚಪ್ಪಟೆ ಗೊಂಚಲು, ಅದರ ತುಂಬ ಸಾಸಿವೆಗಿಂತ ತುಸು ದೊಡ್ಡದಾದ ನೂರಾರು ಹೂಗಳು. ಪ್ರತಿಯೊಂದಕ್ಕೂ ಐದು ಪುಟ್ಟ ದಳ, ಹೊರಚಾಚಿದ ಎಂಟು ಹತ್ತು ಕೇಸರ. ಗೊಂಚಲು ದೂರದಿಂದ ನಯವಾದ ಕುಂಚದ ಹಾಗೆ ಕಾಣುವುದು ಈ ಕೇಸರಗಳಿಂದ. ಅಂಚಿನಲ್ಲಿ ಒಂದೆರಡು ದೊಡ್ಡ ಬಿಳಿ ಹೂ ಇರಬಹುದು, ಇಲ್ಲದೆಯೂ ಇರಬಹುದು. ಈ ದೊಡ್ಡವು ಬಂಜೆಹೂಗಳು. ಅವುಗಳಲ್ಲಿ ದಳದ ಹಾಗೆ ಕಾಣುವುದು ಪುಷ್ಪಪಾತ್ರೆಯ, ಅಂದರೆ ಮೊಗ್ಗನ್ನು ಹೊರಗಿನಿಂದ ಮುಚ್ಚುವ ಸುತ್ತಿನ, ಎಸಳು, ಸಾಮಾನ್ಯವಾಗಿ ಮೂರೋ ನಾಲ್ಕೋ ಇರುತ್ತವೆ. ಈ ಲೆಕ್ಕ ಮುಖ್ಯ. ಇದೇ ಕಾಡುಗಳಲ್ಲಿ ಬೆಳೆಯುವ ವೈಬರ್ನಂ ಜಾತಿಗಳಲ್ಲಿ ಕೆಲವಕ್ಕೂ ಗೊಂಚಲಿನ ಅಂಚಿನಲ್ಲಿ ಹೀಗೇ ದೊಡ್ಡ ಬಿಳಿ ಹೂ ಬರುತ್ತವೆ. ಅವುಗಳಿಗೆ ಐದು ಸೀಳು. ವೈಬರ್ನಂ ಬೇಸಿಗೆಯ ಕೊನೆಗೆ ತಿರುಳಿನ ಹಣ್ಣು ಬಿಡುತ್ತದೆ, ಹೈಡ್ರೇಂಜಿಯಕ್ಕೆ ಒಣಕಾಯಿ ಮಾತ್ರ. ಎಲ್ಡರ್‌ಬೆರಿಯೂ ತಟ್ಟೆಯಂಥ ಬಿಳಿ ಗೊಂಚಲು ಬಿಡುತ್ತದೆ, ಆದರೆ ಅದರ ಎಲೆ ಬೇವಿನ ಎಲೆಯ ಹಾಗೆ ಹಲವು ಕಿರುಎಲೆಗಳದ್ದು. ಹೈಡ್ರೇಂಜಿಯದ್ದು ಒಂಟಿ ಎಲೆ. ಉದ್ದ ತೊಟ್ಟು, ಅಂಡಾಕಾರ, ತುದಿ ಚೂಪು, ಅಂಚಿಗೆ ಗರಗಸದ ಹಲ್ಲು, ಉದ್ದ ಮೂರರಿಂದ ಆರು ಅಂಗುಲ. ಕೊಂಬೆಯ ಮೇಲೆ ಎದುರುಬದುರಾಗಿ ಜೋಡಿಜೋಡಿಯಾಗಿ ಕೂತಿರುತ್ತದೆ.

ಎಲೆ ಉದುರಿದ ಮೇಲೆ ಗುರುತು ಹಿಡಿಯುವುದು ಇನ್ನೂ ಸುಲಭ. ಹಳೆಯ ಕಾಂಡದ ತೊಗಟೆ ಕಾಗದದಂತೆ ಪದರಪದರವಾಗಿ ಸುಲಿಯುತ್ತದೆ, ಒಂದೊಂದು ಪದರದ ಬಣ್ಣ ಒಂದೊಂದು ಥರ. ಊರ ಜನ ಇದನ್ನು ‘ಸೆವೆನ್‌ಬಾರ್ಕ್’, ಅಂದರೆ ಏಳು ತೊಗಟೆ ಎನ್ನುವುದು ಅದಕ್ಕೇ. ಒಣಗಿದ ಗೊಂಚಲು ಚಳಿಗಾಲವಿಡೀ ಗಿಡದ ಮೇಲೆ ಉಳಿಯುತ್ತದೆ. ಒಂದು ಕಾಯಿ ಕಿತ್ತು ಭೂತಗನ್ನಡಿಯಲ್ಲಿ ನೋಡಿದರೆ ಎರಡು ಮಿಲಿಮೀಟರ್‌ನ ಗೀರುಗೀರಿನ ಹೂಜಿ, ಅದರ ಬಾಯಿಯಲ್ಲಿ ಎರಡು ಪುಟ್ಟ ಕೊಂಬು. ಇಷ್ಟು ಕಂಡರೆ ಅನುಮಾನ ಬೇಡ. ಪೊದೆಯೊಳಗೆ ಕೈ ಹಾಕುವ ಮುಂಚೆ ಮಾತ್ರ ಮುಟ್ಟಿದರೆ ಚರ್ಮ ತುರಿಸುವ ಮೂರೆಲೆಯ ಬಳ್ಳಿ ಪಾಯ್ಸನ್ ಐವಿ ಹಬ್ಬಿದೆಯೇ ನೋಡಿಕೊಳ್ಳಿ. ಆ ದರೆಗಳು ಅದಕ್ಕೂ ಪ್ರಿಯ. ಮನೆಗೆ ಬಂದಮೇಲೆ ಕಾಲಿಗೆ ರಕ್ತ ಹೀರುವ ಉಣ್ಣೆಹುಳು ಹತ್ತಿದೆಯೇ ಅಂತಲೂ ನೋಡಿ.

ಇನ್ನು ಅದರ ನೆಲೆ. ಉತ್ತರದಲ್ಲಿ ನ್ಯೂಯಾರ್ಕ್ ರಾಜ್ಯದ ದಕ್ಷಿಣ ಭಾಗದಿಂದ ಕೆಳಗೆ ಫ್ಲಾರಿಡದ ಪಶ್ಚಿಮ ಪಟ್ಟಿಯವರೆಗೆ. ಪಶ್ಚಿಮಕ್ಕೆ ಒಹಾಯೊ, ಇಂಡಿಯಾನ, ದಕ್ಷಿಣ ಇಲಿನಾಯ್, ಮಿಸ್ಸೌರಿ, ಆರ್ಕನ್ಸಾ ದಾಟಿ ಒಕ್ಲಹೋಮದ ಪೂರ್ವ ಅಂಚಿನವರೆಗೆ. ಅತಿ ಹೆಚ್ಚಾಗಿ ಸಿಗುವುದು ಅಪಲಾಚಿಯನ್ ಬೆಟ್ಟಸಾಲಿನಲ್ಲಿ, ಅದರ ಎರಡೂ ಬದಿಯ ಕಣಿವೆಗಳಲ್ಲಿ. ಮ್ಯಾಸಚೂಸೆಟ್ಸ್‌ನಂಥ ಇನ್ನೂ ಉತ್ತರದ ಕಡೆ ಕಾಣಸಿಕ್ಕರೆ ಅದು ತೋಟದಿಂದ ತಪ್ಪಿಸಿಕೊಂಡು ಹೋದದ್ದು. ನಕಾಶೆಯಲ್ಲಿ ಇಷ್ಟು ದೊಡ್ಡ ಪ್ರದೇಶ ಬಣ್ಣ ತುಂಬಿಕೊಂಡರೂ ಆ ಪ್ರದೇಶದೊಳಗೆ ಗಿಡ ಇರುವುದು ಚೂರುಚೂರು ಜಾಗಗಳಲ್ಲಿ. ಬಯಲು ಗದ್ದೆಯಲ್ಲಿ ಇಲ್ಲ, ಒಣಗಿದ ಬೆಟ್ಟದ ನೆತ್ತಿಯಲ್ಲಿ ಇಲ್ಲ, ಜೌಗಿನಲ್ಲೂ ಇಲ್ಲ. ಕೊಳ್ಳದ ಇಬ್ಬದಿ, ಬಂಡೆಗೋಡೆಯ ಬುಡ, ಜಲಪಾತದ ಪಕ್ಕದ ಒದ್ದೆಕಲ್ಲು, ಉತ್ತರಕ್ಕೋ ಪೂರ್ವಕ್ಕೋ ಮುಖ ಮಾಡಿದ ನೆರಳಿನ ಇಳಿಜಾರು, ಹಳ್ಳದ ದರೆ ಇವೇ ಅದರ ಮನೆ.

ಈ ಜಾಗಗಳಲ್ಲೇ ಏಕೆ ಎಂದರೆ ಎರಡು ಕಾರಣ. ಒಂದು ಎಲೆಯದು. ಅಗಲವಾದ ತೆಳ್ಳನೆಯ ಎಲೆ ನೀರನ್ನು ಬೇಗ ಕಳೆದುಕೊಳ್ಳುತ್ತದೆ, ಬೇರು ಆಳಕ್ಕಿಳಿಯುವುದಿಲ್ಲ. ಮಧ್ಯಾಹ್ನದ ಬಿಸಿಲು ಬೀಳುವ ದಕ್ಷಿಣ, ಪಶ್ಚಿಮ ಇಳಿಜಾರಿನಲ್ಲಿ ಜುಲೈ ದಾಟುವಷ್ಟರಲ್ಲಿ ಎಲೆಯಂಚು ಸುಡುತ್ತದೆ. ಎರಡನೆಯ ಕಾರಣ ಬೀಜದ್ದು, ನನ್ನ ಮಟ್ಟಿಗೆ ಇದೇ ದೊಡ್ಡದು. ಬೀಜ ಒಂದು ಮಿಲಿಮೀಟರ್‌ಗಿಂತ ಚಿಕ್ಕದು, ನಶ್ಯದ ಪುಡಿಯಂತಿರುತ್ತದೆ. ಚಳಿಗಾಲದ ಗಾಳಿ ಒಣಗೊಂಚಲನ್ನು ಅಲ್ಲಾಡಿಸಿದಾಗ ಕಾಯಿಯ ಬಾಯಿಂದ ಉದುರಿ ಹಾರುತ್ತದೆ. ಅಷ್ಟು ಸಣ್ಣ ಬೀಜದಲ್ಲಿ ಬುತ್ತಿ ಏನೂ ಇರುವುದಿಲ್ಲ. ಓಕ್ ಕಾಡಿನ ಸಮತಟ್ಟು ನೆಲದಲ್ಲಿ ಬಿದ್ದರೆ ಮೂರಂಗುಲ ತರಗೆಲೆಯ ಮೇಲೆ ಮೊಳೆತು, ಬೇರು ಮಣ್ಣು ಮುಟ್ಟುವ ಮುಂಚೆಯೇ ಒಣಗಿ ಸಾಯುತ್ತದೆ. ಮೊಳಕೆ ಬದುಕಬೇಕಾದರೆ ಬರಿಮಣ್ಣೋ ಹಸಿಪಾಚಿಯೋ ಬೆಳಕಿಗೆ ತೆರೆದು ಸಿಗಬೇಕು. ತರಗೆಲೆ ನಿಲ್ಲದೆ ಜಾರಿಹೋಗುವ ಕಡಿದಾದ ದರೆ, ಪಾಚಿ ಕಟ್ಟಿದ ಬಂಡೆಯ ಚಾಚು, ರಸ್ತೆಗಾಗಿ ಗುಡ್ಡ ಕಡಿದ ಗೋಡೆ ಇಂಥ ಕಡೆ ಅದು ಸಿಗುತ್ತದೆ. ಬ್ಲೂ ರಿಜ್ ಬೆಟ್ಟದ ರಸ್ತೆಗಳ ಪಕ್ಕ ಜೂನ್, ಜುಲೈಯಲ್ಲಿ ಬಿಳಿ ಸಾಲು ಕಾಣುವುದು ಹೀಗೆ. ಮಲೆನಾಡಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ, ಮಳೆಗಾಲದಲ್ಲಿ ದರೆಯ ಮೇಲೆ ಕರ್ಣಕುಂಡಲ, ಜರಿಗಿಡ ಹುಟ್ಟುವುದನ್ನು ಕಂಡವರು ನೀವು. ಒಮ್ಮೆ ನೆಲೆ ನಿಂತ ಗಿಡ ಆಮೇಲೆ ಬೀಜವನ್ನು ನೆಚ್ಚುವುದಿಲ್ಲ, ನೆಲದಡಿಯ ಕಾಂಡದಿಂದ ಪಕ್ಕಕ್ಕೆ ಮೊಳಕೆ ಕಳಿಸಿ ಗುಂಪಾಗುತ್ತದೆ.

ಮಣ್ಣಿನ ಹುಳಿಯ ಬಗ್ಗೆ ಇದಕ್ಕೆ ಹೆಚ್ಚು ತಕರಾರಿಲ್ಲ. ಕ್ಯಾರೊಲೈನಾ ಬೆಟ್ಟಗಳ ಹುಳಿಮಣ್ಣಿನಲ್ಲಿ ರೋಡೊಡೆಂಡ್ರಾನ್ ಪಕ್ಕದಲ್ಲೂ ಇರುತ್ತದೆ, ಒಹಾಯೊ ಮತ್ತು ಮಿಸ್ಸೌರಿಯ ಸುಣ್ಣಕಲ್ಲಿನ ಬಂಡೆಗಳ ಮೇಲೂ ಇರುತ್ತದೆ. ಅಮ್ಮನ ಗಿಡದ ಹಾಗೆ ಹುಳಿಮಣ್ಣಿಗೆ ನೀಲಿ, ಸುಣ್ಣಕ್ಕೆ ಗುಲಾಬಿ ಎಂಬ ಆಟ ಇಲ್ಲಿಲ್ಲ. ಆ ನೀಲಿ ಬರಲು ಎಸಳಿನಲ್ಲಿ ತಕ್ಕ ಬಣ್ಣದ್ರವ್ಯ ಇರಬೇಕು, ಅದು ಹುಳಿಮಣ್ಣಿನಲ್ಲಿ ಕರಗಿ ಬಂದ ಅಲ್ಯುಮಿನಿಯಂ ಜೊತೆ ಕೂಡಬೇಕು. ಬಿಳಿ ಕಾಡುಹೂವಿನಲ್ಲಿ ಆ ದ್ರವ್ಯವಿಲ್ಲ. ಆಲಂ, ಅಂದರೆ ಪಟಿಕ, ಸುರಿದರೆ ಬೇರು ಸುಡುತ್ತದೆಯೇ ಹೊರತು ಹೂ ನೀಲಿಯಾಗದು.

ಈ ಗಿಡಕ್ಕೆ ಸಿನೇರಿಯ, ರೇಡಿಯೇಟ ಎಂಬ ಎರಡು ಹತ್ತಿರದ ಬಂಧುಗಳಿವೆ, ನೀವು ಬೆಟ್ಟದ ಕಡೆ ಹೋದಾಗ ಎಲೆ ತಿರುಗಿಸಿ ನೋಡುವ ಅಭ್ಯಾಸ ಇಟ್ಟುಕೊಳ್ಳಿ. ಎಲೆಯ ಅಡಿ ಹಸಿರಾಗಿ, ಹೆಚ್ಚುಕಡಿಮೆ ಬೋಳಾಗಿದ್ದರೆ ಆರ್ಬೊರೆಸೆನ್ಸ್. ಬೂದುಬಣ್ಣದ ರೋಮವಿದ್ದರೆ ಸಿನೇರಿಯ. ಸುಣ್ಣ ಬಳಿದ ಹಾಗೆ ಅಚ್ಚ ಬಿಳಿಯಾಗಿದ್ದರೆ ರೇಡಿಯೇಟ. ಗಾಳಿ ಬೀಸಿದಾಗ ಆ ಪೊದೆ ಪೂರ್ತಿ ಬೆಳ್ಳಿಯಾಗಿ ಹೊಳೆಯುತ್ತದೆ. ರೇಡಿಯೇಟ ಇರುವುದು ದಕ್ಷಿಣ ಅಪಲಾಚಿಯನ್‌ನ ಸಣ್ಣ ಪ್ರದೇಶದಲ್ಲಿ ಮಾತ್ರ. ನಿಮ್ಮ ರಾಜ್ಯದ ಪಶ್ಚಿಮ ಬೆಟ್ಟಗಳು ಅದರ ಖಾಸಾ ನೆಲ. ಇವನ್ನು ಒಂದೇ ಜಾತಿಯ ಉಪಜಾತಿಗಳೆಂದು ಕೆಲವರು, ಬೇರೆ ಜಾತಿಗಳೆಂದು ಕೆಲವರು ಎಣಿಸುತ್ತಾರೆ. ತೋಟಕ್ಕೆ ಅದರಿಂದ ವ್ಯತ್ಯಾಸವಿಲ್ಲ. ಓಕ್ ಮರದಂಥ ಎಲೆಯ ಹೈಡ್ರೇಂಜಿಯ ಕ್ವೆರ್ಸಿಫೋಲಿಯ ಮಾತ್ರ ಖಂಡಿತ ಬೇರೆ. ಅದರ ತವರು ಅಲಬಾಮ ಮತ್ತು ಸುತ್ತಲಿನ ರಾಜ್ಯಗಳು. 1999ರಿಂದ ಅದು ಅಲಬಾಮದ ರಾಜ್ಯ ಕಾಡುಹೂ. ರಾಲಿಯಲ್ಲಿ ಕಂಡರೆ ಯಾರೋ ನೆಟ್ಟದ್ದು ಎಂದೇ ತಿಳಿಯಿರಿ.

ಕಾಡಿನಿಂದ ಕೀಳಬಹುದೆ ಎಂದಿರಿ. ಬೇಡ. ಆ ಕಾಡು ಬಡಾವಣೆಯ ಸಂಘದ್ದು, ನಿಮ್ಮೊಬ್ಬರದಲ್ಲ. ಅನುಮತಿಯಿಲ್ಲದೆ ಇನ್ನೊಬ್ಬರ ನೆಲದ ಗಿಡ ಕಿತ್ತರೆ ಅದು ಕಳವೇ. ರಾಷ್ಟ್ರೀಯ ಉದ್ಯಾನಗಳಲ್ಲಿ, ಬ್ಲೂ ರಿಜ್ ಪಾರ್ಕ್‌ವೇ ಉದ್ದಕ್ಕೂ ಗಿಡ ತೆಗೆಯುವಂತಿಲ್ಲ. ಕಾನೂನು ಬದಿಗಿಟ್ಟರೂ ಲಾಭವಿಲ್ಲ. ಬಂಡೆಸಂದಿಯಲ್ಲಿ ಹರಡಿದ ಬೇರು ಅರ್ಧ ಕಿತ್ತು ಬರುತ್ತದೆ, ಆ ಬೇರು ಹಿಡಿದಿಟ್ಟಿದ್ದ ದರೆ ಮುಂದಿನ ಮಳೆಗೆ ಕುಸಿಯುತ್ತದೆ. ಸಂಘದ ಒಪ್ಪಿಗೆ ಪಡೆದು ನಾಲ್ಕು ಕಡ್ಡಿಯನ್ನೋ ಒಂದು ಒಣಗೊಂಚಲನ್ನೋ ತಂದರೆ ಸಾಕು. ಗಿಡವೇ ಬೇಕಿದ್ದರೆ ನಿಮ್ಮ ಸಮೀಪದ ಚಾಪೆಲ್ ಹಿಲ್‌ನಲ್ಲಿರುವ ನಾರ್ತ್ ಕ್ಯಾರೊಲೈನಾ ಬೊಟಾನಿಕಲ್ ಗಾರ್ಡನ್ ಸ್ಥಳೀಯ ಸಸ್ಯಗಳನ್ನು ಮಾರುತ್ತದೆ, ಅಲ್ಲಿ ವಿಚಾರಿಸಿ.

ಕಡ್ಡಿಗೆ ಮೇ ಕೊನೆಯಿಂದ ಜೂನ್ ಒಳ್ಳೆಯ ಕಾಲ. ಹೂ ಬಿಡದ ಎಳೆ ಚಿಗುರನ್ನು ನಾಲ್ಕೈದು ಅಂಗುಲ ಉದ್ದಕ್ಕೆ, ಎಲೆಜೋಡಿಯ ಕೆಳಗೆ ಕತ್ತರಿಸಿ. ಬೆಳಗ್ಗೆಯೇ ಕತ್ತರಿಸಿ ಒದ್ದೆ ಬಟ್ಟೆಯಲ್ಲಿ ಸುತ್ತಿ ತನ್ನಿ. ಕೆಳಗಿನ ಎಲೆ ತೆಗೆಯಿರಿ, ಮೇಲಿನ ಜೋಡಿಯನ್ನು ಅರ್ಧಕ್ಕೆ ಕತ್ತರಿಸಿ. ಇಲ್ಲದಿದ್ದರೆ ಬೇರು ಬರುವ ಮೊದಲೇ ಎಲೆ ನೀರು ಹೀರಿ ಬಾಡಿಸುತ್ತದೆ. ಬೇರಿನ ಹಾರ್ಮೋನ್ ಪುಡಿ ಮುಟ್ಟಿಸಿ ಪರ್ಲೈಟ್ ಎಂಬ ಹಗುರ ಬಿಳಿ ಹರಳು ಬೆರೆತ ಮಿಶ್ರಣದಲ್ಲಿ ಊರಿ, ಪಾರದರ್ಶಕ ಚೀಲ ಹೊದಿಸಿ, ನೇರ ಬಿಸಿಲಿಲ್ಲದ ಬೆಳಕಿನಲ್ಲಿಡಿ. ಮೂರು ನಾಲ್ಕು ವಾರದಲ್ಲಿ ಬೇರು ಬಿಡುತ್ತದೆ. ಬೀಜವಾದರೆ ಅಕ್ಟೋಬರ್, ನವೆಂಬರ್‌ನಲ್ಲಿ ಕಂದಿದ ಗೊಂಚಲನ್ನು ಕಾಗದದ ಚೀಲದೊಳಗೆ ತಲೆಕೆಳಗಾಗಿ ಒಣಗಿಸಿ ಕುಟ್ಟಿ. ಬಿತ್ತುವಾಗ ಮಣ್ಣಿನ ಮೇಲೆ ಉದುರಿಸಿ ಮೆಲ್ಲಗೆ ಒತ್ತಿ, ಅಷ್ಟೇ. ಮಣ್ಣು ಮುಚ್ಚಿದರೆ ಮೊಳೆಯದು. ದರೆಯ ಮೇಲಿನ ಕತೆಯೇ ಕುಂಡದಲ್ಲೂ. ನೀರನ್ನು ಮೇಲಿನಿಂದ ಸುರಿಯದೆ ಕುಂಡವನ್ನು ತಟ್ಟೆಯ ನೀರಿನಲ್ಲಿ ಸ್ವಲ್ಪ ಹೊತ್ತಿಟ್ಟು ಅಡಿಯಿಂದ ಹೀರಿಸಿ ತೆಗೆಯಿರಿ.

ನಿಮ್ಮ ಕಡೆಯ ಕೆಂಪು ಜೇಡಿಮಣ್ಣಿನಲ್ಲಿ ಎಲ್ಲಿ ನೆಡುವುದು ಎಂಬುದೇ ಮುಖ್ಯ ಪ್ರಶ್ನೆ. ಆರಿಸಿದ ಜಾಗದಲ್ಲಿ ಒಂದಡಿ ಆಳದ ಗುಂಡಿ ತೋಡಿ ನೀರು ತುಂಬಿ. ಇಂಗಿದ ಮೇಲೆ ಮತ್ತೆ ತುಂಬಿ ಗಂಟೆಗೆಷ್ಟು ಇಳಿಯುತ್ತದೆ ಅಳೆಯಿರಿ. ಗಂಟೆಗೆ ಒಂದಂಗುಲ ಇಳಿದರೆ ಧಾರಾಳವಾಗಿ ನೆಡಿ. ಮರುದಿನವೂ ನೀರು ನಿಂತಿದ್ದರೆ ಆ ಜಾಗ ಬಿಡಿ. ಹಿತ್ತಲಿನ ತಗ್ಗಿನ ಬದಲು ಆ ತಗ್ಗಿಗೆ ಇಳಿಯುವ ಏರು ನಿಮಗೆ ಬೇಕಾದ ಸ್ಥಳ, ಅದರಲ್ಲೂ ಬೆಳಗಿನ ಬಿಸಿಲು ಬಿದ್ದು ಮಧ್ಯಾಹ್ನ ನೆರಳಾಗುವ ಕಡೆ. ಗುಂಡಿಯ ಅಗಲ ಬೇರಿನ ಮುದ್ದೆಯ ಎರಡು ಪಟ್ಟಿರಲಿ, ಆಳ ಅದರಷ್ಟೇ ಇರಲಿ. ಎಲ್ಲರೂ ಮಾಡುವ ತಪ್ಪೊಂದಿದೆ: ಜೇಡಿಮಣ್ಣು ತೆಗೆದು ಗುಂಡಿಗೆ ಪೂರ್ತಿ ಗೊಬ್ಬರ ತುಂಬುವುದು. ಸುತ್ತಲಿನ ಜೇಡಿಯಲ್ಲಿ ಇಂಗದ ನೀರೆಲ್ಲ ಆ ಮೆತ್ತನೆಯ ಗುಂಡಿಗೆ ಬಂದು ಸೇರಿ ಅದು ತೊಟ್ಟಿಯಾಗುತ್ತದೆ. ತೆಗೆದ ಮಣ್ಣನ್ನೇ ಪುಡಿಮಾಡಿ ತುಂಬಿ, ಬೇರಿನ ಮುದ್ದೆಯ ಮೇಲ್ಮೈ ನೆಲಕ್ಕಿಂತ ಎರಡಂಗುಲ ಎತ್ತರದಲ್ಲಿರಲಿ. ಎಲೆಗೊಬ್ಬರವನ್ನು ಮೇಲೆ ಎರಡು ಮೂರು ಅಂಗುಲ ಹೊದಿಸಿ, ಕಾಂಡಕ್ಕೆ ತಾಗದಂತೆ. ಗಿಡದಿಂದ ಗಿಡಕ್ಕೆ ನಾಲ್ಕೈದು ಅಡಿ ಬಿಡಿ. ಕಾಲ ಅಕ್ಟೋಬರ್, ನವೆಂಬರ್. ಬೇಸಿಗೆಯೊಳಗೆ ಬೇರು ಕೂತುಕೊಳ್ಳುತ್ತದೆ. ಮೊದಲ ಎರಡು ಬೇಸಿಗೆ ಮಳೆಯಿಲ್ಲದ ವಾರ ಒಂದಂಗುಲ ನೀರು ಕೊಡಿ.

ಎಲೆ ಜೋತುಬಿದ್ದ ಕೂಡಲೇ ಪೈಪು ಹಿಡಿದು ಓಡಬೇಡಿ. ಮಧ್ಯಾಹ್ನ ಜೋತು ಸಂಜೆಗೆ ಎದ್ದರೆ ಅದು ಸೆಕೆಯದ್ದು, ಬಿಟ್ಟುಬಿಡಿ. ಬೆಳಗ್ಗೆಯೂ ಜೋತಿದ್ದರೆ ಬೆರಳಿನಿಂದ ಮಣ್ಣು ಕೆದಕಿ ನೋಡಿ. ಒಣಗಿದ್ದರೆ ನೀರು ಕೊಡಿ. ಮಣ್ಣು ಒದ್ದೆಯಿದ್ದೂ ಎಲೆ ಜೋತಿದ್ದರೆ ಬೇರು ಕೊಳೆಯುತ್ತಿದೆ ಎಂದರ್ಥ, ಇನ್ನಷ್ಟು ನೀರು ಹಾಕಿದರೆ ಕೊಂದ ಹಾಗೆ. ನಿಮ್ಮ ಎರಡು ಗಿಡಕ್ಕೂ ಬಹುಶಃ ಇದೇ ಆಗಿದೆ.

ಏಪ್ರಿಲ್, ಮೇ ಹೊತ್ತಿಗೆ ತುದಿಯ ಎರಡು ಎಲೆ ಅಂಟಿಸಿದ ಪರ್ಸಿನ ಹಾಗೆ ಮುಚ್ಚಿಕೊಂಡಿದ್ದರೆ ಒಳಗೆ ಎಲೆ ಹೊಲಿಯುವ ಪತಂಗದ ಹುಳು ಇದೆ. ಆ ತುದಿ ಚಿವುಟಿ ಹಾಕಿ, ಔಷಧಿ ಬೇಡ. ಹೈಡ್ರೇಂಜಿಯ ಸ್ಫಿಂಕ್ಸ್ ಎಂಬ ಇನ್ನೊಂದು ಪತಂಗದ ಮರಿಗೂ ಇದರ ಎಲೆ ಆಹಾರ. ನಾಲ್ಕು ಎಲೆ ಹೋದರೆ ಹೋಗಲಿ. ನಿಜವಾದ ತೊಂದರೆ ಜಿಂಕೆ. ಮೊದಲ ಎರಡು ಮೂರು ವರ್ಷ ತಂತಿಬಲೆ ಸುತ್ತದಿದ್ದರೆ ಮೊಗ್ಗನ್ನೇ ಮೇದು ಹೋಗುತ್ತವೆ. ಹೂ ಹೊಸ ಚಿಗುರಿನ ಮೇಲೆ ಬರುವುದರಿಂದ ಫೆಬ್ರವರಿ ಕೊನೆಗೆ ಸವರಬಹುದು. ನೆಲಮಟ್ಟಕ್ಕೆ ಬೋಳಿಸದೆ ಒಂದೂವರೆ ಅಡಿ ಬಿಟ್ಟರೆ ಆ ಹಳೆಯ ಕಾಂಡ ಹೊಸದಕ್ಕೆ ಆಸರೆಯಾಗುತ್ತದೆ.

ನರ್ಸರಿಯಲ್ಲಿ ಇದೇ ಜಾತಿಯ ‘ಆನಾಬೆಲ್’ ನಿಮಗೆ ಮೊದಲು ಸಿಗುತ್ತದೆ. 1910ರ ಸುಮಾರಿಗೆ ಇಲಿನಾಯ್‌ನ ಆನಾ ಎಂಬ ಊರಿನ ಬಳಿಯ ಕಾಡಿನಲ್ಲಿ ಹ್ಯಾರಿಯೆಟ್ ಕರ್ಕ್‌ಪ್ಯಾಟ್ರಿಕ್ ಕಂಡ ಗಿಡದ ಸಂತತಿ ಅದು. ಇಲಿನಾಯ್ ವಿಶ್ವವಿದ್ಯಾಲಯದ ಜೋಸೆಫ್ ಮೆಕ್‌ಡೇನಿಯಲ್ 1960ರ ದಶಕದ ಆರಂಭದಲ್ಲಿ ಹೆಸರಿಟ್ಟು ಪ್ರಚಾರಕ್ಕೆ ತಂದರು. ಚೆಂದವೇನೋ ಹೌದು. ಆದರೆ ಚೆಂಡಿನ ಬಹುತೇಕ ಹೂ ಬಂಜೆ, ಜೇನಿಗೆ ಸಿಗುವುದು ಅಲ್ಪ, ಮಳೆ ಬಿದ್ದರೆ ಭಾರಕ್ಕೆ ನೆಲ ಕಚ್ಚುತ್ತದೆ. ಹಿತ್ತಲಿಗೆ ನಾನು ಸೂಚಿಸುವುದು ಚಪ್ಪಟೆ ಗೊಂಚಲಿನ ಕಾಡುರೂಪ, ಇಲ್ಲವೇ ‘ಹಾಸ್ ಹೇಲೊ’ ಎಂಬ ತಳಿ. ಡೆಲವೇರ್‌ನ ಮೌಂಟ್ ಕ್ಯೂಬಾ ಸೆಂಟರ್ 2017ರಿಂದ 2021ರವರೆಗೆ ಕಾಡು ಹೈಡ್ರೇಂಜಿಯದ ತಳಿಗಳನ್ನು ಅಕ್ಕಪಕ್ಕ ಬೆಳೆಸಿ ನೋಡಿದಾಗ ಮೊದಲು ನಿಂತದ್ದು ಅದೇ.

ಚೆರೋಕಿ ಜನ ಇದರ ತೊಗಟೆ ಬೇರುಗಳನ್ನು ಔಷಧಿಗೆ ಬಳಸುತ್ತಿದ್ದರು ಎಂದು ಓದಿ ಕಷಾಯ ಮಾಡಲು ಹೋಗಬೇಡಿ. ಗಿಡದಲ್ಲಿ ಸಯನೈಡ್ ಬಿಡುಗಡೆ ಮಾಡುವ ಅಂಶಗಳಿವೆ. ಮಕ್ಕಳು, ನಾಯಿ ಅಗಿಯದಂತೆ ನೋಡಿಕೊಳ್ಳಿ.

ಶಿರಸಿಗೆ ಬೀಜ ಕಳಿಸುವ ಯೋಚನೆ ಬಿಡಿ. 2003ರ ಸಸ್ಯ ಕ್ವಾರಂಟೈನ್ ಆದೇಶದ ಪ್ರಕಾರ ಆಮದು ಪರವಾನಗಿ, ರೋಗಮುಕ್ತವೆಂಬ ಸರ್ಕಾರಿ ಪ್ರಮಾಣಪತ್ರ ಇಲ್ಲದೆ ಭಾರತಕ್ಕೆ ಬೀಜ ತರುವಂತಿಲ್ಲ. ತಂದರೂ ಪ್ರಯೋಜನ ಕಡಿಮೆ. ಮೈನಸ್ 30 ಡಿಗ್ರಿ ಸೆಲ್ಸಿಯಸ್ ಹತ್ತಿರದ ಚಳಿಯನ್ನೂ ತಡೆಯುವ ಈ ಗಿಡ ವರ್ಷಕ್ಕೆ ಕೆಲವು ತಿಂಗಳು ಎಲೆ ಉದುರಿಸಿ ಮಲಗಲೇಬೇಕು. ಮಲೆನಾಡಿನಲ್ಲಿ ಅಂಥ ಚಳಿಗಾಲ ಇಲ್ಲ. ಭಾರತದ ಕಾಡು ಹೈಡ್ರೇಂಜಿಯಗಳೂ ಇರುವುದು ಹಿಮಾಲಯದಲ್ಲೇ. ರೋಬಸ್ಟ, ಹೆಟೆರೊಮಲ್ಲ, ಮರ ಏರುವ ಅನಾಮಲ ಅಲ್ಲಿಯವು. ಹೂಗೊಂಚಲ ಅಂಚಿಗೆ ಬಿಳಿ ಬಾವುಟ ಕಟ್ಟಿ ಕೀಟಗಳನ್ನು ಕರೆಯುವ ಉಪಾಯ ಅಮ್ಮನಿಗೆ ತೋರಿಸಬೇಕೆಂದಿದ್ದರೆ ಶಿರಸಿಯ ಕಾಡಂಚಿನ ಮುಸ್ಸೆಂಡ ಸಾಕು. ಅದು ಕಾಫಿಯ ಕುಟುಂಬದ್ದು, ಹೈಡ್ರೇಂಜಿಯಕ್ಕೆ ನಂಟಿಲ್ಲ. ಆದರೆ ಕಿತ್ತಳೆ ಬಣ್ಣದ ಪುಟ್ಟ ಹೂವಿನ ಪಕ್ಕ ಎಲೆಯಷ್ಟು ಅಗಲಕ್ಕೆ ಬೆಳ್ಳಗೆ ಚಾಚಿರುವುದು ಅಲ್ಲೂ ಪುಷ್ಪಪಾತ್ರೆಯ ಒಂದು ಎಸಳೇ.